ಮಡಚುವ ಕ್ಯಾಮೆರಾ: ಕೊಳ್ಳುವ ಮೊದಲು, ರೀಲು ಹಾಕಿದ ಮೇಲೆ

120 ನಂಬರಿನ ಫಿಲ್ಮ್ ರೀಲನ್ನು ಕೊಡಾಕ್ ಕಂಪನಿ 1901ರಲ್ಲಿ ಬ್ರೌನಿ ಎಂಬ ಅಗ್ಗದ ಡಬ್ಬಿ ಕ್ಯಾಮೆರಾಕ್ಕಾಗಿ ಹೊರತಂದಿತು. ಆ ಕ್ಯಾಮೆರಾ ಎಂದೋ ಮೂಲೆ ಸೇರಿತು. ಅದರ ಹಿಂದೆ ಮುಂದೆ ಬಂದ ಹತ್ತಾರು ಅಳತೆಯ ರೀಲುಗಳೂ ಒಂದೊಂದಾಗಿ ನಿಂತುಹೋದವು. 120 ಮಾತ್ರ ಇವತ್ತಿಗೂ ಬಿಡದೆ ತಯಾರಾಗುತ್ತಿದೆ. ಹಳೆಯ ಮಡಚುವ ಕ್ಯಾಮೆರಾಗಳ ಹುಚ್ಚು ಹತ್ತಿಸಿಕೊಂಡವರಿಗೆ ಇದಕ್ಕಿಂತ ಮುಖ್ಯವಾದ ಸಂಗತಿ ಇನ್ನೊಂದಿಲ್ಲ. ಎಂಬತ್ತು ವರ್ಷ ಹಳೆಯ ಯಂತ್ರವೊಂದು ಷೋಕೇಸಿನಲ್ಲಿ ಕೂರಬೇಕೋ, ಹೆಗಲಚೀಲದಲ್ಲಿ ಊರು ತಿರುಗಬೇಕೋ ಎಂಬುದನ್ನು ತೀರ್ಮಾನಿಸುವುದು ಅದರ ಹೊಳಪೂ ಅಲ್ಲ, ಹೆಸರೂ ಅಲ್ಲ. ಒಳಗೆ ಕೂರುವ ರೀಲು. ಹಾಗಾಗಿ ಮಾರುವವನ ಮುಂದೆ ನಿಂತಾಗ ಬೆಲೆ ಕೇಳುವ ಮೊದಲು ಹಿಂಬಾಗಿಲು ತೆಗೆಸಿ ನೋಡಿ.

ಇವು ಮಡಚುವುದೇಕೆ ಎಂದು ತಿಳಿದರೆ ಉಳಿದದ್ದೆಲ್ಲ ತಾನಾಗಿ ಬಿಡಿಸಿಕೊಳ್ಳುತ್ತದೆ. ನೂರು ವರ್ಷದ ಹಿಂದೆ ನೆಗೆಟಿವನ್ನು ದೊಡ್ಡದು ಮಾಡಿ ಪ್ರಿಂಟ್ ಹಾಕುವ ಎನ್‌ಲಾರ್ಜರ್ ಎಲ್ಲ ಕಡೆ ಇರಲಿಲ್ಲ. ನೆಗೆಟಿವನ್ನು ನೇರವಾಗಿ ಕಾಗದದ ಮೇಲೆ ಒತ್ತಿಟ್ಟು ಬೆಳಕು ಬಿಡುತ್ತಿದ್ದರು. ನೆಗೆಟಿವ್ ಎಷ್ಟು ಅಗಲವೋ ಫೋಟೊ ಅಷ್ಟೇ ಅಗಲ. ಆಲ್ಬಮ್ಮಿನಲ್ಲಿ ಮುಖ ಗುರುತು ಸಿಗಬೇಕಾದರೆ ನೆಗೆಟಿವ್ ದೊಡ್ಡದಿರಲೇಬೇಕು. ದೊಡ್ಡ ನೆಗೆಟಿವ್ ತುಂಬ ಚಿತ್ರ ಬೀಳಬೇಕಾದರೆ ಲೆನ್ಸ್ ಅದರಿಂದ ದೂರ ನಿಲ್ಲಬೇಕು. 6×9 ಸೆಂ.ಮೀ. ನೆಗೆಟಿವಿಗೆ ಸಾಮಾನ್ಯವಾಗಿ ಹಾಕುತ್ತಿದ್ದದ್ದು 105 ಮಿ.ಮೀ. ಲೆನ್ಸ್, ಅಂದರೆ ಫಿಲ್ಮಿನಿಂದ ಲೆನ್ಸಿಗೆ ಹತ್ತು ಸೆಂ.ಮೀ.ಗೂ ಹೆಚ್ಚು ಅಂತರ. ಅಷ್ಟು ದಪ್ಪದ ಡಬ್ಬಿಯನ್ನು ಯಾರು ಹೊತ್ತು ತಿರುಗುತ್ತಾರೆ? ಅದಕ್ಕೇ ಮುಂದೊಂದು ಬಾಗಿಲು, ಬಾಗಿಲು ಬಿದ್ದೊಡನೆ ಲೆನ್ಸನ್ನು ಮುಂದಕ್ಕೆ ತಳ್ಳುವ ಕತ್ತರಿ ಕಾಲುಗಳು, ಲೆನ್ಸಿಗೂ ಒಡಲಿಗೂ ನಡುವೆ ಹಾರ್ಮೋನಿಯಂ ತಿದಿಯಂತೆ ಬಿಚ್ಚಿಕೊಳ್ಳುವ ಕಪ್ಪು ಬೆಲ್ಲೋಸ್. ಮುಚ್ಚಿದರೆ ಕೋಟಿನ ಜೇಬಿಗೆ ಹೋಗುತ್ತದೆ. ತೆರೆದರೆ ಇವತ್ತಿನ ದುಬಾರಿ ಫುಲ್ ಫ್ರೇಮ್ ಡಿಜಿಟಲ್ ಕ್ಯಾಮೆರಾದ ಸೆನ್ಸರಿಗಿಂತ ಐದು ಪಟ್ಟಿಗೂ ಹೆಚ್ಚು ವಿಸ್ತಾರದ ನೆಗೆಟಿವ್ ಕೊಡುತ್ತದೆ.

ಈ ಮಡಚುವಿಕೆಯೇ ಇವುಗಳ ಗುಣ, ಕೆಡುವುದೂ ಅಲ್ಲಿಯೇ. ಬೆಲ್ಲೋಸ್ ಬಿರಿಯುವುದು ಮಡಿಕೆಯ ಮೂಲೆಯಲ್ಲಿ. ಲೆನ್ಸ್ ಓರೆಯಾಗುವುದು ಕತ್ತರಿ ಕಾಲು ಸಡಿಲವಾದಾಗ. ಫಿಲ್ಮ್ ಉಬ್ಬುವುದು ಬಾಗಿಲನ್ನು ರಪ್ಪನೆ ತೆರೆದಾಗ. ಪರೀಕ್ಷೆ ಮಾಡುವಾಗಲೂ ರಿಪೇರಿ ಮಾಡುವಾಗಲೂ ಫೋಟೊ ತೆಗೆಯುವಾಗಲೂ ಕಣ್ಣಿಡಬೇಕಾದ ಜಾಗಗಳು ಇವೇ.

ಯಾರು ಮಾಡಿದರು

ಕೊಡಾಕ್ 1890ರ ದಶಕದ ಕೊನೆಯಲ್ಲೇ ಜೇಬಿನ ಮಡಚುವ ಕ್ಯಾಮೆರಾ ತಂದಿತ್ತು. ಆದರೆ ಲೋಕಕ್ಕೆಲ್ಲ ರುಚಿ ಹತ್ತಿಸಿದ್ದು 1912ರ ವೆಸ್ಟ್ ಪಾಕೆಟ್ ಕೊಡಾಕ್. ಮೊದಲ ಮಹಾಯುದ್ಧದಲ್ಲಿ ಸಿಪಾಯಿಗಳ ಜೇಬಿನಲ್ಲಿ ಕಂದಕಗಳವರೆಗೂ ಹೋದದ್ದರಿಂದ ‘ಸೋಲ್ಜರ್ಸ್ ಕೊಡಾಕ್’ ಎಂದೇ ಹೆಸರಾಯಿತು. 1924ರ ಎವರೆಸ್ಟ್ ಯಾತ್ರೆಯಲ್ಲಿ ಜಾರ್ಜ್ ಮ್ಯಾಲೊರಿ ಶಿಖರದ ಕಡೆಗೆ ಹೊರಟಾಗ ಒಯ್ದದ್ದೂ ಈ ಮಾದರಿಯದ್ದೇ ಎನ್ನುತ್ತಾರೆ; ಜೊತೆಗಾರ ಹೊವರ್ಡ್ ಸೋಮರ್ವೆಲ್ ತಮ್ಮ ಕ್ಯಾಮೆರಾವನ್ನು ಅವರಿಗೆ ಕೊಟ್ಟಿದ್ದರು. ಅಲ್ಲಿಂದ ಮರಳದ ಮ್ಯಾಲೊರಿಯ ದೇಹ 1999ರಲ್ಲಿ ಸಿಕ್ಕಿತು, ಕ್ಯಾಮೆರಾ ಸಿಗಲಿಲ್ಲ. ಸೋಮರ್ವೆಲ್ ಆಮೇಲೆ ನಮ್ಮ ದಕ್ಷಿಣದವರೇ ಆಗಿಹೋದರು. ಆಗ ತಿರುವಾಂಕೂರಿಗೆ ಸೇರಿದ್ದ ನೆಯ್ಯೂರಿನ ಮಿಷನ್ ಆಸ್ಪತ್ರೆಯಲ್ಲಿ ಶಸ್ತ್ರವೈದ್ಯರಾಗಿ ದಶಕಗಳ ಕಾಲ ದುಡಿದರು.

ಬಳಸಲು ಯೋಗ್ಯವಾದ ಮಡಚುವ ಕ್ಯಾಮೆರಾಗಳ ಮಾತು ಬಂದರೆ ಮಾತ್ರ ಜರ್ಮನಿಗೇ ಹೋಗಬೇಕು. ಇಕಾ, ಎರ್ನಮನ್, ಗೋಯರ್ಟ್ಸ್, ಕಾಂಟೆಸಾ-ನೆಟ್ಟಲ್ ಎಂಬ ನಾಲ್ಕು ಕಂಪನಿಗಳು 1926ರಲ್ಲಿ ಒಂದಾಗಿ ಝೈಸ್ ಐಕಾನ್ ಆದವು. ಅದು 1929ರಲ್ಲಿ ಇಕೊಂಟಾ, 1934ರಲ್ಲಿ ಸೂಪರ್ ಇಕೊಂಟಾ ತಂದಿತು. ಕಡಿಮೆ ಬೆಲೆಗೆ ನೆಟ್ಟಾರ್ ಇತ್ತು. ವಿಯೆನ್ನಾದಲ್ಲಿ 1756ರಲ್ಲೇ ಹುಟ್ಟಿ ಬ್ರೌನ್‌ಷ್ವೈಗ್ ಊರಿಗೆ ಬಂದು ನೆಲೆಸಿದ ಫಾಯ್ಟ್‌ಲೆಂಡರ್ ಕಂಪನಿಯ ಬೆಸ್ಸಾ ಮತ್ತು ಪರ್ಕಿಯೊ, ಅಗ್ಫಾದ ಐಸೊಲೆಟ್, ಬ್ರಿಟನ್ನಿನ ಎನ್ಸೈನ್ ಸೆಲ್ಫಿಕ್ಸ್, ಸೋವಿಯತ್ ಒಕ್ಕೂಟದ ಮಾಸ್ಕ್ವಾ ಇವೆಲ್ಲ ಅದೇ ಬಳಗ. 1950ರ ದಶಕ ಮುಗಿಯುವ ಹೊತ್ತಿಗೆ 35 ಮಿ.ಮೀ. ಕ್ಯಾಮೆರಾಗಳು ಇವುಗಳನ್ನು ಮಾರುಕಟ್ಟೆಯಿಂದ ಹೊರಗೆ ಹಾಕಿದವು.

ಇವುಗಳಲ್ಲಿ ಒಂದು ಎಂಜಿನಿಯರಿಂಗ್ ಜಾಣತನದ ಬಗ್ಗೆ ಹೇಳದೆ ಮುಂದೆ ಹೋಗಲಾರೆ. ದೂರವನ್ನು ಅಳೆದು ಫೋಕಸ್ ಹೊಂದಿಸಲು ನೆರವಾಗುವ ರೇಂಜ್‌ಫೈಂಡರ್ ಇರುವುದು ಒಡಲಿನಲ್ಲಿ. ತಿರುಗುವ ಲೆನ್ಸ್ ಇರುವುದು ಮಡಚುವ ಬಾಗಿಲಿನ ತುದಿಯಲ್ಲಿ. ಎರಡನ್ನೂ ಜೋಡಿಸುವ ಸಲಾಕೆ ಹಾಕಿದರೆ ಮಡಚುವಾಗ ಅದು ಎಲ್ಲಿಗೆ ಹೋಗಬೇಕು? ಸೂಪರ್ ಇಕೊಂಟಾ ಮಾಡಿದವರು ಸಲಾಕೆಯನ್ನೇ ಬಿಟ್ಟರು. ಲೆನ್ಸಿನ ಪಕ್ಕದಲ್ಲಿ ಪುಟ್ಟ ತೋಳೊಂದನ್ನಿಟ್ಟು ಅದರೊಳಗೆ ಒಂದಕ್ಕೊಂದು ಎದುರಾಗಿ ತಿರುಗುವ ಎರಡು ಗಾಜಿನ ಬೆಣೆಗಳನ್ನು ಕೂರಿಸಿದರು. ಲೆನ್ಸ್ ತಿರುಗಿದಂತೆ ಹಲ್ಲುಚಕ್ರದ ಮೂಲಕ ಬೆಣೆಗಳೂ ತಿರುಗುತ್ತವೆ. ಅವುಗಳ ಮೂಲಕ ಹಾದ ಬೆಳಕು ನೇರ ಒಡಲಿನ ಕಿಂಡಿಗೆ ಬಂದು ಬೀಳುತ್ತದೆ. ಲೆನ್ಸಿಗೂ ಒಡಲಿಗೂ ನಡುವಿನ ಕೊಂಡಿ ಬೆಳಕಿನ ಕಿರಣ ಮಾತ್ರ. ಅದನ್ನು ಮಡಚುವ ಪ್ರಶ್ನೆಯೇ ಇಲ್ಲ. 1940ರಲ್ಲಿ ಬಂದ ಜಪಾನಿನ ಮಾಮಿಯಾ ಸಿಕ್ಸ್ ಇದೇ ಗಂಟನ್ನು ಇನ್ನೊಂದು ತುದಿಯಿಂದ ಬಿಡಿಸಿತು: ಲೆನ್ಸನ್ನು ಕದಲಿಸದೆ ಹಿಂದಿನ ಫಿಲ್ಮನ್ನೇ ಮುಂದಕ್ಕೂ ಹಿಂದಕ್ಕೂ ಸರಿಸಿತು. ಹೆಚ್ಚಿನ ಮಾಸ್ಕ್ವಾ ಕ್ಯಾಮೆರಾಗಳು ಸೂಪರ್ ಇಕೊಂಟಾದ ನಕಲು. ಬೆಣೆ ತೋಳು ಅವುಗಳಲ್ಲೂ ಇದೆ, ನಯ ಮಾತ್ರ ಕಡಿಮೆ.

ಯಾವುದನ್ನು ಕೊಳ್ಳಬೇಕು

ರೀಲಿನ ಲೆಕ್ಕ ಹೀಗಿದೆ. 120 ತೆಗೆದುಕೊಳ್ಳುವ ಕ್ಯಾಮೆರಾ ಆದರೆ ಕಣ್ಣುಮುಚ್ಚಿ ಮುಂದಿನ ಪರೀಕ್ಷೆಗೆ ಹೋಗಿ. ಅದೇ ರೀಲಿನಲ್ಲಿ 6×9 ಅಳತೆಗೆ 8, 6×6ಕ್ಕೆ 12, 6×4.5ಕ್ಕೆ 16 ಫೋಟೊ ಬರುತ್ತವೆ. ಬಹಳಷ್ಟು ಕೊಡಾಕ್ ಕ್ಯಾಮೆರಾಗಳು ಕೇಳುವುದು 620. ಇದರ ಫಿಲ್ಮ್ 120ರದ್ದೇ, ಸುರುಳಿಯ ಕಡ್ಡಿ ಮಾತ್ರ ತೆಳು, ಲೋಹದ್ದು. ಕೊಡಾಕ್ ಇದನ್ನು 1995ರಲ್ಲಿ ನಿಲ್ಲಿಸಿತು. 120 ರೀಲನ್ನು ಕತ್ತಲಲ್ಲಿ 620 ಕಡ್ಡಿಗೆ ಸುತ್ತಿಕೊಳ್ಳಬಹುದು. ಆದರೆ ಎರಡು ಸಲ ಸುತ್ತಬೇಕು, ಇಲ್ಲವಾದರೆ ತುದಿ ಮೊದಲು ತಿರುಗಾಮುರುಗಾ ಆಗುತ್ತದೆ. ಫಿಲ್ಮನ್ನು ಕಾಗದಕ್ಕೆ ಅಂಟಿಸಿರುವುದು ಒಂದೇ ತುದಿಯಲ್ಲಾದ್ದರಿಂದ ಅಲ್ಲೊಂದು ಉಬ್ಬೂ ಏಳುತ್ತದೆ. ಅಲ್ಲಿನ ಅಂಟುಪಟ್ಟಿಯನ್ನು ಬಿಚ್ಚಿ ಮತ್ತೆ ಅಂಟಿಸಬೇಕು. ಕೈ ಪಳಗುವವರೆಗೂ ಬೇಜಾರಿನ ಕೆಲಸ. ಹಾಗೆಯೇ ಒಳಗೆ ಒಂದು ಖಾಲಿ 620 ಕಡ್ಡಿ ಇದೆಯೇ ನೋಡಿಯೇ ಹಣ ಕೊಡಿ. ಅದಿಲ್ಲದ 620 ಕ್ಯಾಮೆರಾ ಕೈಗೆ ಬಂದರೂ ಕೆಲಸಕ್ಕೆ ಬಾರದು.

ವೆಸ್ಟ್ ಪಾಕೆಟ್ ಕೊಡಾಕ್ ಬೇಡುವ 127 ರೀಲನ್ನು ಸಣ್ಣ ತಯಾರಕರು ಆಗಾಗ ಮಾಡುತ್ತಾರೆ, ದುಬಾರಿ. 116 ಮತ್ತು 616 ರೀಲುಗಳು 1984ಕ್ಕೇ ಮುಗಿದವು. ಗಾಜಿನ ಪ್ಲೇಟು ಹಾಕುವ 9×12 ಕ್ಯಾಮೆರಾಗಳು ನೋಡಲು ರಾಜಗಾಂಭೀರ್ಯದವು, ಹೊಸಬರಿಗಲ್ಲ. ಕೆಂಪು ಚರ್ಮದ ಬೆಲ್ಲೋಸ್, ಹೊಳೆಯುವ ಹಿತ್ತಾಳೆ, ತೇಗದಂಥ ಮರ ಇರುವ ಇನ್ನೂ ಹಳೆಯವನ್ನು ಚೆಲುವಿಗೆಂದೇ ಕೊಳ್ಳುವವರಿದ್ದಾರೆ, ಅದರಲ್ಲಿ ತಪ್ಪೇನಿಲ್ಲ. ಆದರೆ ಅದರಲ್ಲಿ ಫೋಟೊ ತೆಗೆಯುವ ಆಸೆ ಇಟ್ಟುಕೊಂಡು ಕೊಳ್ಳಬೇಡಿ.

ನನ್ನನ್ನು ಕೇಳಿದರೆ ಮೊದಲ ಕ್ಯಾಮೆರಾ ಝೈಸ್ ಐಕಾನ್ ನೆಟ್ಟಾರ್ ಆಗಲಿ. ಎರಡನೆಯ ಮಹಾಯುದ್ಧದ ನಂತರದ 6×6 ನೆಟ್ಟಾರುಗಳು ಬೇಕಾದಷ್ಟು ತಯಾರಾದವು, ಬೆಲ್ಲೋಸ್ ಗಟ್ಟಿ, ಅವುಗಳ ನೊವಾರ್ ಲೆನ್ಸ್ ಎಫ್ 8 ದಾಟಿದ ಮೇಲೆ ದುಬಾರಿ ಲೆನ್ಸುಗಳಿಗೆ ತಲೆಬಾಗುವುದಿಲ್ಲ. ಝೈಸ್ ಐಕಾನ್ ಮಾದರಿ ಸಂಖ್ಯೆಗಳನ್ನು ಓದುವುದೂ ಸುಲಭ: ಕೊನೆಯಲ್ಲಿ /2 ಇದ್ದರೆ 6×9, /16 ಇದ್ದರೆ 6×6. ಫಾಯ್ಟ್‌ಲೆಂಡರ್ ಪರ್ಕಿಯೊ ಇನ್ನೂ ಪುಟ್ಟದು, ಕಲರ್-ಸ್ಕೋಪಾರ್ ಲೆನ್ಸ್ ಇರುವುದು ಸಿಕ್ಕರೆ ಬಿಡಬೇಡಿ. ಹೆಲಿಯಾರ್ ಲೆನ್ಸಿನ ಬೆಸ್ಸಾ II, ಟೆಸ್ಸಾರ್ ಇರುವ ಸೂಪರ್ ಇಕೊಂಟಾ ಇವುಗಳಿಗೆ ಸಂಗ್ರಾಹಕರೇ ಬೆಲೆ ಏರಿಸಿಟ್ಟಿದ್ದಾರೆ. ಮೊದಲ ರೀಲಿಗೇ ಅಷ್ಟು ಸುರಿಯುವ ಅಗತ್ಯವಿಲ್ಲ. 35 ಮಿ.ಮೀ. ರೀಲೇ ಸಾಕು ಎನ್ನುವವರಿಗೆ ಕೊಡಾಕ್ ರೆಟಿನಾ ಇದೆ. 1934ರಲ್ಲಿ ಸ್ಟುಟ್‌ಗಾರ್ಟಿನಲ್ಲಿ ಶುರುವಾದ ಈ ಕ್ಯಾಮೆರಾದ ಜೊತೆಗೇ ಇವತ್ತಿನ 35 ಮಿ.ಮೀ. ರೀಲಿನ ಡಬ್ಬಿ ಹುಟ್ಟಿದ್ದು.

ನಮ್ಮ ದೇಶದಲ್ಲಿ ಹುಡುಕುವ ಜಾಗಗಳು ಎಲ್ಲರಿಗೂ ಗೊತ್ತಿರುವವೇ: ಮುಂಬಯಿಯ ಚೋರ್ ಬಜಾರ್, ದೆಹಲಿಯ ಚಾಂದನಿ ಚೌಕದ ಕೂಚಾ ಚೌಧರಿ ಕ್ಯಾಮೆರಾ ಮಾರುಕಟ್ಟೆ, ಬೆಂಗಳೂರಿನ ಸಂಡೇ ಬಜಾರ್. ಹಳೆಯ ಸ್ಟುಡಿಯೋ ಮುಚ್ಚುವವರ ಬಳಿಯೂ ಇರುತ್ತವೆ. ಕೊಳ್ಳುವ ಮೊದಲು ಬಗೆಬಗೆಯವನ್ನು ಒಟ್ಟಿಗೆ ನೋಡಬೇಕೆನ್ನುವವರು ಗುರುಗ್ರಾಮದ ಮ್ಯೂಸಿಯೊ ಕ್ಯಾಮೆರಾ ಎಂಬ ವಸ್ತುಸಂಗ್ರಹಾಲಯಕ್ಕೆ ಹೋಗಬಹುದು. ಒಂದು ಎಚ್ಚರಿಕೆ. ನಮ್ಮ ಮನೆಗಳ ಅಟ್ಟದಲ್ಲಿ ಸಿಗುವುದು ಹೆಚ್ಚಾಗಿ ಬರೋಡಾದಲ್ಲಿ ತಯಾರಾದ ಅಗ್ಫಾ ಕ್ಲಿಕ್ III. ಅದೂ 120 ರೀಲಿನದೇ, ಆದರೆ ಮಡಚುವುದಿಲ್ಲ, ಲೆನ್ಸ್ ಸಾಧಾರಣ. ಅದನ್ನು ‘ಅಪರೂಪದ ಆಂಟಿಕ್’ ಎಂದು ಮಾರುವವರ ಮಾತಿಗೆ ಮರುಳಾಗಬೇಡಿ.

ಅಂಗಡಿಯಲ್ಲಿ ನಿಂತು ನೋಡಬೇಕಾದದ್ದು

ಮೊದಲು ಬೆಲ್ಲೋಸ್. ಜೇಬಿನಲ್ಲಿ ಸಣ್ಣ ಎಲ್‌ಇಡಿ ಟಾರ್ಚ್ ಇಟ್ಟುಕೊಂಡು ಹೋಗಿ. ಹಿಂಬಾಗಿಲು ತೆರೆದು ಟಾರ್ಚನ್ನು ಒಳಗಿಟ್ಟು, ಕತ್ತಲ ಮೂಲೆಯಲ್ಲಿ ಹೊರಗಿನಿಂದ ನೋಡಿ. ಮಡಿಕೆಗಳ ಮೂಲೆಯಲ್ಲಿ ನಕ್ಷತ್ರದ ಹಾಗೆ ಚುಕ್ಕಿ ಮಿನುಗಿದರೆ ತೂತು ಬಿದ್ದಿದೆ ಎಂದರ್ಥ. ಬೆಲ್ಲೋಸನ್ನು ಮೆತ್ತಗೆ ಅತ್ತಿತ್ತ ಒತ್ತಿಯೂ ನೋಡಿ, ಕೆಲವು ಬಿರುಕು ಅಲುಗಾಡಿಸಿದಾಗಲೇ ಬಾಯಿಬಿಡುವುದು. ಅಗ್ಫಾ ಐಸೊಲೆಟ್‌ಗಳಲ್ಲಿ ಈ ರೋಗ ಎಷ್ಟು ಸಾಮಾನ್ಯವೆಂದರೆ, ತೂತಿಲ್ಲದ ಮೂಲ ಬೆಲ್ಲೋಸ್ ಕಂಡರೇ ಆಶ್ಚರ್ಯಪಡಬೇಕು. ಒಂದೆರಡು ಸೂಜಿಮೊನೆಯಷ್ಟು ತೂತುಗಳಿದ್ದರೆ ಬಟ್ಟೆಗೆ ಹಚ್ಚುವ ಕಪ್ಪು ಫ್ಯಾಬ್ರಿಕ್ ಪೇಂಟನ್ನು ತೆಳುವಾಗಿ ಹಚ್ಚಿ, ಬೆಲ್ಲೋಸ್ ಬಿಚ್ಚಿದ ಸ್ಥಿತಿಯಲ್ಲೇ ಪೂರ್ತಿ ಒಣಗಿಸಿದರೆ ಸ್ವಲ್ಪ ಕಾಲಕ್ಕೆ ಆದೀತು. ಮೂಲೆ ಮೂಲೆಯೂ ಬಿರಿದಿದ್ದರೆ ಹೊಸ ಬೆಲ್ಲೋಸೇ ಗತಿ. ಹಾಗಾಗಿ ಆ ಖರ್ಚನ್ನೂ ಬೆಲೆಗೆ ಸೇರಿಸಿ ಯೋಚಿಸಿ.

ಎರಡನೆಯದನ್ನು ಹೆಚ್ಚಿನವರು ನೋಡುವುದೇ ಇಲ್ಲ: ಲೆನ್ಸ್ ಫಿಲ್ಮಿಗೆ ನೇರ ಎದುರಾಗಿ ನಿಂತಿದೆಯೇ ಎಂಬುದು. ಬಾಗಿಲು ತೆರೆದಾಗ ಟಕ್ ಎಂದು ಗಟ್ಟಿಯಾಗಿ ಕೂರಬೇಕು. ಲೆನ್ಸಿನ ಬಿಲ್ಲೆಯನ್ನು ಬೆರಳಲ್ಲಿ ಹಿಡಿದು ಲಘುವಾಗಿ ಅಲ್ಲಾಡಿಸಿ. ಕೂದಲೆಳೆಯಷ್ಟು ಆಟ ಸಹಜ, ಅದಕ್ಕಿಂತ ಹೆಚ್ಚಿದ್ದರೆ ಬೇಡ. ಪಕ್ಕದಿಂದ, ಮೇಲಿನಿಂದ ಕಣ್ಣಳತೆ ಮಾಡಿ. ಎಂದೋ ಒಮ್ಮೆ ಬಾಗಿಲು ತೆರೆದಿದ್ದಾಗ ಕೆಳಗೆ ಬಿದ್ದ ಕ್ಯಾಮೆರಾದಲ್ಲಿ ಈ ಕಾಲುಗಳು ಬಗ್ಗಿರುತ್ತವೆ. ಫೋಟೊದ ಒಂದು ಪಕ್ಕ ಹರಿತವಾಗಿಯೂ ಇನ್ನೊಂದು ಪಕ್ಕ ಮಸುಕಾಗಿಯೂ ಬರುವುದು ಇದರಿಂದ. ಬೆಲ್ಲೋಸ್ ಬದಲಿಸಬಹುದು, ಲೆನ್ಸ್ ಒರೆಸಬಹುದು. ಬಗ್ಗಿದ ಕಾಲನ್ನು ನೆಟ್ಟಗೆ ಮಾಡುವವರು ಸಿಗುವುದು ಕಷ್ಟ. ಮೇಲಿನ ಚರ್ಮ ಕಿತ್ತುಬಂದ, ಬಣ್ಣ ಹೋದ ಕ್ಯಾಮೆರಾ ನೆಟ್ಟಗಿದ್ದರೆ ನಾನು ಅದನ್ನೇ ಆರಿಸುವೆ.

ಷಟರ್ ಈ ಕ್ಯಾಮೆರಾಗಳಲ್ಲಿ ಲೆನ್ಸಿನೊಳಗೇ ಇರುತ್ತದೆ. ಮ್ಯೂನಿಕ್‌ನ ಡೆಕೆಲ್ ಮಾಡಿದ ಕಂಪುರ್ ದುಬಾರಿ ಮಾದರಿಗಳಲ್ಲಿ, ಗೌಟಿಯರ್ ಕಂಪನಿಯ ಪ್ರೊಂಟರ್, ವೇರಿಯೊ ಅಗ್ಗದವುಗಳಲ್ಲಿ. ಒಂದು ಸೆಕೆಂಡಿಗೆ ಇಟ್ಟು ಬಿಡಿ. ಒಳಗಿನ ಚಕ್ರಗಳು ಗುರ್ ಎಂದು ಒಂದೇ ಸಮ ಓಡಿದರೆ ಸಂತೋಷ. ಅರ್ಧಕ್ಕೆ ನಿಂತರೆ ಹಳೆಯ ಎಣ್ಣೆ ಅಂಟಾಗಿದೆ. ಆದರೆ ಇದಕ್ಕೆ ತಲೆ ಕೆಡಿಸಿಕೊಳ್ಳಬೇಕಾಗಿಲ್ಲ. ಬಿಸಿಲಲ್ಲಿ ಕೈಯಲ್ಲಿ ಹಿಡಿದು ತೆಗೆಯುವವರಿಗೆ ಬೇಕಾದದ್ದು 1/50ರಿಂದ 1/250ರವರೆಗಿನ ವೇಗ ಮಾತ್ರ, ಅವು ನಿಧಾನ ಚಕ್ರಗಳನ್ನು ಅಷ್ಟಾಗಿ ಅವಲಂಬಿಸುವುದಿಲ್ಲ. ಮೊಬೈಲಿನಲ್ಲಿ ಸೆಕೆಂಡಿಗೆ 240 ಫ್ರೇಮಿನ ಸ್ಲೋ ಮೋಷನ್ ಇದ್ದರೆ ಷಟರ್ ತೆರೆದಿರುವ ಫ್ರೇಮುಗಳನ್ನು ಎಣಿಸಿ. 1/25 ಆದರೆ ಒಂಬತ್ತು ಹತ್ತು ಫ್ರೇಮು ಬರಬೇಕು. ಹಳೆಯ ಷಟರುಗಳು ಹೆಚ್ಚಾಗಿ ಬರೆದದ್ದಕ್ಕಿಂತ ನಿಧಾನವೇ ಓಡುತ್ತವೆ. ಅಂದರೆ ಬೆಳಕು ಸ್ವಲ್ಪ ಹೆಚ್ಚು ಬೀಳುತ್ತದೆ, ನೆಗೆಟಿವ್ ಫಿಲ್ಮ್ ಅದನ್ನು ಧಾರಾಳವಾಗಿ ಕ್ಷಮಿಸುತ್ತದೆ.

ಅಂಗಡಿಯಲ್ಲಿ ಎರಡು ವಿಷಯಕ್ಕೆ ಗಾಬರಿಯಾಗಬೇಡಿ. ಬಹುತೇಕ ಮಾದರಿಗಳಲ್ಲಿ ಷಟರಿನ ಮೇಲಿರುವ ಸಣ್ಣ ಕಡ್ಡಿಯನ್ನು ಮೊದಲು ಎಳೆದು ಬಿಗಿ ಮಾಡಬೇಕು, ಆಮೇಲೆಯೇ ಬಟನ್ ಒತ್ತುವುದು. 1950ರ ದಶಕದ ಕೆಲವುದರಲ್ಲಿ ರೀಲು ಮುಂದಕ್ಕೆ ಸುತ್ತದ ಹೊರತು ಬಟನ್ ಒತ್ತಲು ಬಾರದು. ಒಂದರ ಮೇಲೊಂದು ಚಿತ್ರ ಬೀಳದಿರಲೆಂದು ಮಾಡಿದ ಬೀಗ ಅದು. ಇನ್ನು ಎರಡು ಕೆಲಸ ಮಾತ್ರ ಬೇಡ. ‘ವಿ’ ಅಕ್ಷರದ ಸೆಲ್ಫ್ ಟೈಮರನ್ನು ಮುಟ್ಟಬೇಡಿ, ಅದು ಸಿಕ್ಕಿಕೊಂಡರೆ ಇಡೀ ಷಟರೇ ನಿಲ್ಲುತ್ತದೆ. ಕಂಪುರ್-ರ್‍ಯಾಪಿಡ್‌ನಲ್ಲಿ ಅತಿ ಹೆಚ್ಚಿನ ವೇಗಕ್ಕೆ ಬೇರೆಯೇ ಸ್ಪ್ರಿಂಗ್ ಇದೆ. ಅದನ್ನು ಬಿಗಿ ಮಾಡುವ ಮೊದಲೇ ಆರಿಸಬೇಕು, ಬಿಗಿ ಮಾಡಿದ ಮೇಲೆ ತಿರುಗಿಸಿದರೆ ಮುರಿಯುತ್ತದೆ.

ಕೊನೆಗೆ ಗಾಜು. ಷಟರನ್ನು, ಒತ್ತಿಹಿಡಿದಷ್ಟು ಹೊತ್ತು ತೆರೆದೇ ಇರುವ ‘ಬಿ’ಯಲ್ಲಿ ತೆರೆದಿಟ್ಟು ಹಿಂದಿನಿಂದ ಟಾರ್ಚ್ ಹಿಡಿದರೆ ಲೆನ್ಸಿನ ಒಳಗಿರುವುದೆಲ್ಲ ಬಯಲಾಗುತ್ತದೆ. ಧೂಳಿನ ಕಣ, ಸಣ್ಣ ಗಾಳಿಗುಳ್ಳೆ, ಒಂದೆರಡು ಗೀರು ಇವು ಫೋಟೊದಲ್ಲಿ ಕಾಣುವುದಿಲ್ಲ. ಬೆಳ್ಳನೆ ಮಂಜು ಕವಿದಿದ್ದರೆ ಹೆಚ್ಚಾಗಿ ಒರೆಸಿದರೆ ಹೋಗುತ್ತದೆ. ಜೇಡರ ಬಲೆಯಂಥ ಬೂಷ್ಟಿನ ಎಳೆ ಹಬ್ಬಿದ್ದರೆ ಮಾತ್ರ ಯೋಚಿಸಬೇಕು: ಹೊಸದಾದರೆ ಒರೆಸಬಹುದು, ಹಳೆಯದಾದರೆ ಗಾಜನ್ನೇ ತಿಂದಿರುತ್ತದೆ. ಕರಾವಳಿ, ಮಲೆನಾಡಿನ ಕಡೆಯಿಂದ ಬಂದ ಕ್ಯಾಮೆರಾಗಳಲ್ಲಿ ಇದು ಸರ್ವೇಸಾಮಾನ್ಯ. ಮನೆಗೆ ತಂದ ಮೇಲೂ ಚರ್ಮದ ಕೇಸಿನಲ್ಲಿಟ್ಟು ಮುಚ್ಚಬೇಡಿ, ತೇವ ಹಿಡಿದಿಡುವುದು ಆ ಚರ್ಮವೇ. ಗಾಳಿಯಾಡದ ಪ್ಲಾಸ್ಟಿಕ್ ಡಬ್ಬಿಯಲ್ಲಿ ಸಿಲಿಕಾ ಜೆಲ್ ಹಾಕಿ, ಮಳೆಗಾಲದಲ್ಲಿ ಅದನ್ನು ಆಗಾಗ ಒಣಗಿಸುತ್ತಾ ಇಡಿ. ಷಟರನ್ನು ಬಿಗಿ ಮಾಡಿ ಇಡಬೇಡಿ.

ಮೇಜಿನ ಮೇಲೆ

ಷಟರ್ ಅಂಟಿಕೊಂಡಿದ್ದರೆ ಹೊಲಿಗೆ ಯಂತ್ರದ ಎಣ್ಣೆಯ ಬಾಟಲಿಗೆ ಕೈ ಹೋಗುವುದು ಸಹಜ. ಬೇಡವೇ ಬೇಡ. ಎಣ್ಣೆ ತೆಳ್ಳನೆಯ ಪರದೆಗಳಿಗೆ ಹರಿದು ಅವನ್ನು ಒಂದಕ್ಕೊಂದು ಅಂಟಿಸಿಬಿಡುತ್ತದೆ. ಬೇಕಾದದ್ದು ಇದಕ್ಕೆ ವಿರುದ್ಧವಾದದ್ದು, ಜಿಡ್ಡು ತೆಗೆಯುವ ಲೈಟರ್ ಫ್ಲೂಯಿಡ್. ಅದೂ ಲೆನ್ಸಿನ ಗಾಜುಗಳನ್ನು ಬಿಚ್ಚಿದ ಮೇಲೆ, ಹನಿ ಹನಿಯಾಗಿ, ಕಿಟಕಿ ತೆರೆದಿಟ್ಟು, ಒಲೆ ಬೆಂಕಿಯಿಂದ ದೂರ ಕೂತು.

ಐಸೊಲೆಟ್‌ಗಳಲ್ಲಿ ಇನ್ನೊಂದು ಕಾಟ. ಫೋಕಸ್ ಉಂಗುರಕ್ಕೆ ಅಗ್ಫಾ ಹಚ್ಚಿದ ಗ್ರೀಸು ವರ್ಷಗಳು ಕಳೆದಂತೆ ಹಸಿರು ಬಣ್ಣಕ್ಕೆ ತಿರುಗಿ ಸಿಮೆಂಟಿನಂತೆ ಗಟ್ಟಿಯಾಗುತ್ತದೆ. ಉಂಗುರ ತಿರುಗಿದಂತೆ ಕಂಡರೂ ಮುಂದಿನ ಗಾಜಿನ ಜೊತೆ ಅದರ ಹಿಂದಿನ ಗಾಜನ್ನೂ ಎಳೆದುಕೊಂಡು ತಿರುಗುತ್ತಿರಬಹುದು. ಆಗ ದೂರದ ಅಂಕಿಗಳಿಗೆ ಅರ್ಥವೇ ಇರುವುದಿಲ್ಲ. ಹದವಾಗಿ ಬಿಸಿ ಮಾಡಿ, ಲೈಟರ್ ಫ್ಲೂಯಿಡಿನಲ್ಲಿ ನೆನೆಸಿ, ತಾಳ್ಮೆಯಿಂದ ಬಿಡಿಸಬೇಕು. ಇಕ್ಕಳ ಹಾಕಿ ಬಲಪ್ರಯೋಗ ಮಾಡಿದವರ ಹಿತ್ತಾಳೆ ಉಂಗುರಗಳು ಮೊಟ್ಟೆಯಾಕಾರಕ್ಕೆ ತಿರುಗಿದ್ದನ್ನು ಮಾರುಕಟ್ಟೆಯಲ್ಲಿ ಕಾಣಬಹುದು.

ಮುಂದಿನ ಗಾಜನ್ನು ಬಿಚ್ಚಿದ ಯಾವ ಕ್ಯಾಮೆರಾಕ್ಕೂ ಫೋಕಸನ್ನು ಹೊಸದಾಗಿ ಹೊಂದಿಸಬೇಕು. ಇದಕ್ಕೆ ದೊಡ್ಡ ಉಪಕರಣ ಬೇಡ. ಫಿಲ್ಮಿನ ಅಗಲಕ್ಕೆ ಕತ್ತರಿಸಿದ ಗಾಜಿನ ತುಂಡಿಗೆ ಮಸುಕು ಬಣ್ಣದ ಅರೆಪಾರದರ್ಶಕ ಟೇಪು ಅಂಟಿಸಿ. ಹಿಂಬಾಗಿಲು ತೆರೆದು ಫಿಲ್ಮ್ ಕೂರುವ ಹಳಿಯ ಮೇಲೆ, ಟೇಪಿನ ಕಡೆ ಲೆನ್ಸಿಗೆ ಮುಖ ಮಾಡುವಂತೆ ಇಡಿ. ಹಳಿಗಳು ಎರಡು ಜೊತೆ ಇರುತ್ತವೆ. ಹೊರಗಿನದು ಒತ್ತುತಟ್ಟೆಗೆ, ಒಳಗಿನದು ಫಿಲ್ಮಿಗೆ. ಗಾಜು ಕೂರಬೇಕಾದದ್ದು ಒಳಗಿನದರ ಮೇಲೆ. ಷಟರನ್ನು ತೆರೆದಿಟ್ಟು, ಅಪರ್ಚರನ್ನು ಪೂರ್ತಿ ಅಗಲ ಮಾಡಿ, ದೂರದ ಗುಡ್ಡದ ತುದಿಯೋ ಮೊಬೈಲ್ ಟವರೋ ಟೇಪಿನ ಮೇಲೆ ಹರಿತವಾಗಿ ಬೀಳುವವರೆಗೆ ಮುಂದಿನ ಗಾಜನ್ನು ತಿರುಗಿಸಿ. ಭೂತಗನ್ನಡಿಯಲ್ಲಿ ನೋಡುತ್ತಾ ಮಾಡಬೇಕು. ಅದೇ ಅನಂತದ ಗುರುತು. ಅಂಕಿಯ ಉಂಗುರವನ್ನು ಅಲ್ಲಿಗೆ ತಂದು ಸ್ಕ್ರೂ ಬಿಗಿದರೆ ಮುಗಿಯಿತು.

ರೀಲು ಹಾಕಿದ ಮೇಲೆ

ನೆರಳಲ್ಲಿ ಹಾಕಿ, ಕಾಗದವನ್ನು ಬೆರಳಲ್ಲಿ ಬಿಗಿಯಾಗಿ ಒತ್ತಿಹಿಡಿದು. ಹಿಂದಿನ ಕೆಂಪು ಕಿಂಡಿಯಲ್ಲಿ ಕಾಗದದ ಮೇಲಿನ ಅಂಕಿಗಳು ಕಾಣುತ್ತವೆ. 1 ಬಂದಾಗ ನಿಲ್ಲಿಸಿ. ಕಿಂಡಿ ಕೆಂಪಾಗಿರುವುದು ಸುಮ್ಮನೆ ಅಲ್ಲ. ಆ ಕಾಲದ ಆರ್ಥೋಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪು ಬೆಳಕು ಕಾಣಿಸುತ್ತಿರಲಿಲ್ಲ. ಇವತ್ತಿನ ಪ್ಯಾನ್‌ಕ್ರೊಮ್ಯಾಟಿಕ್ ಫಿಲ್ಮಿಗೆ ಕೆಂಪೂ ಒಂದೇ ಹಸಿರೂ ಒಂದೇ. ಹಾಗಾಗಿ ಕಿಂಡಿಗೆ ಮುಚ್ಚಳ ಇಲ್ಲದಿದ್ದರೆ ಕಪ್ಪು ಟೇಪು ಅಂಟಿಸಿ, ರೀಲು ಸುತ್ತುವಾಗ ಮಾತ್ರ ಮೈಯ ನೆರಳಲ್ಲಿ ತೆರೆಯಿರಿ. 16 ಫೋಟೊದ ಕೆಲವು ಹಳೆಯ ಕ್ಯಾಮೆರಾಗಳಲ್ಲಿ ಎರಡು ಕಿಂಡಿಗಳಿರುತ್ತವೆ: ಒಂದೇ ಅಂಕಿಯನ್ನು ಮೊದಲು ಒಂದರಲ್ಲಿ, ಆಮೇಲೆ ಇನ್ನೊಂದರಲ್ಲಿ ನಿಲ್ಲಿಸಿ ಎರಡು ಫೋಟೊ ತೆಗೆಯಬೇಕು.

ಬಾಗಿಲು ತೆರೆಯುವಾಗ ಕೈ ಅಡ್ಡ ಹಿಡಿದು ನಿಧಾನವಾಗಿ ತೆರೆಯಿರಿ. ಸ್ಪ್ರಿಂಗಿನ ರಭಸಕ್ಕೆ ಬಿಟ್ಟರೆ ಬೆಲ್ಲೋಸ್ ಥಟ್ಟನೆ ಹಿಗ್ಗಿ ಒಳಗೆ ಗಾಳಿ ಕಡಿಮೆಯಾಗುತ್ತದೆ, ಅದು ಫಿಲ್ಮನ್ನು ಮುಂದಕ್ಕೆ ಹೀರುತ್ತದೆ. ಚಿತ್ರದ ನಡುಭಾಗ ಮಸುಕಾಗಿ ಬಂದವರು ಲೆನ್ಸನ್ನು ಬೈಯುವ ಮೊದಲು ಇದನ್ನು ನೆನೆಯಬೇಕು. ಫೋಟೊ ತೆಗೆದ ತಕ್ಷಣ ಮುಂದಿನ ಅಂಕಿಗೆ ಸುತ್ತಿಡುವ ಅಭ್ಯಾಸವೂ ಒಳ್ಳೆಯದಲ್ಲ. ಮಡಚಿ, ಮತ್ತೆ ತೆರೆದು, ತೆಗೆಯುವ ಮುನ್ನ ಸುತ್ತಿದರೆ ಫಿಲ್ಮ್ ಹೊಸದಾಗಿ ಬಿಗಿದು ಚಪ್ಪಟೆ ಕೂರುತ್ತದೆ. ಬೀಗ ಇಲ್ಲದ ಕ್ಯಾಮೆರಾದಲ್ಲಿ ಇದಕ್ಕೊಂದು ಬೆಲೆ ಇದೆ: ಸುತ್ತಿದೆನೋ ಇಲ್ಲವೋ ಎಂಬ ಗೊಂದಲ. ಸುತ್ತಿದ ಮೇಲೆಯೇ ಷಟರ್ ಕಡ್ಡಿ ಎಳೆಯುವುದು ಎಂಬ ಒಂದೇ ಕ್ರಮವನ್ನು ಕೈಗೆ ಕಲಿಸಿಬಿಟ್ಟರೆ ಮರೆವಿನ ಕಾಟ ತಪ್ಪುತ್ತದೆ.

ಬೆಳಕಿಗೆ ಮೀಟರ್ ಇಲ್ಲದಿದ್ದರೂ ನಡೆಯುತ್ತದೆ. ಚೆನ್ನಾದ ಬಿಸಿಲಿನಲ್ಲಿ ಎಫ್ 16ಕ್ಕೆ ಇಟ್ಟು, ಷಟರನ್ನು ಫಿಲ್ಮಿನ ಐಎಸ್‌ಒ ಅಂಕಿಗೆ ಹತ್ತಿರ ಇಡಿ: ಐಎಸ್‌ಒ 100 ಆದರೆ 1/100. ತೆಳು ಮೋಡಕ್ಕೆ ಎಫ್ 11, ಮೋಡ ಕವಿದ ಬೆಳಕಿಗೆ 8, ದಟ್ಟ ಮೋಡಕ್ಕೂ ತೆರೆದ ನೆರಳಿಗೂ 5.6. ಆಗುಂಬೆಯ ಕಡೆ ಜುಲೈ ತಿಂಗಳ ಬೆಳಕಿಗೆ ಐಎಸ್‌ಒ 400ರ ರೀಲೇ ಬೇಕು. ಸಂದೇಹವಿದ್ದರೆ ಒಂದು ಹೆಜ್ಜೆ ಹೆಚ್ಚೇ ಬೆಳಕು ಕೊಡಿ. 1920ಕ್ಕೂ ಹಿಂದಿನ ಕೊಡಾಕ್‌ಗಳಲ್ಲಿ 4, 8, 16, 32 ಎಂದು ಅಂಕಿಗಳಿದ್ದರೆ ಅದು ಹಳೆಯ ಯು.ಎಸ್. ಪದ್ಧತಿ, ಅಲ್ಲಿನ 4 ಅಂದರೆ ನಮ್ಮ ಎಫ್ 8, ಅಲ್ಲಿನ 8 ಅಂದರೆ ಎಫ್ 11. ಎರಡೂ ಪದ್ಧತಿ ಸೇರುವುದು 16ರಲ್ಲಿ ಮಾತ್ರ. ಎರಡನೆಯ ಮಹಾಯುದ್ಧಕ್ಕೆ ಮುಂಚಿನ ಲೆನ್ಸುಗಳಿಗೆ ಸಾಮಾನ್ಯವಾಗಿ ಪ್ರತಿಫಲನ ತಡೆಯುವ ಲೇಪನವಿಲ್ಲ. ಸೂರ್ಯನನ್ನು ಬೆನ್ನಿಗೆ ಹಾಕಿಕೊಂಡು ನಿಲ್ಲಿ, ಇಲ್ಲವೇ ಅಂಗೈಯಿಂದ ಲೆನ್ಸಿಗೆ ನೆರಳು ಮಾಡಿ.

ದೂರವನ್ನು ಅಂದಾಜಿಸುವುದೇ ಹೊಸಬರಿಗೆ ಭಯ. ಗಣಿತ ಇಲ್ಲಿ ನೆರವಿಗೆ ಬರುತ್ತದೆ. 75 ಮಿ.ಮೀ. ಲೆನ್ಸನ್ನು ಎಫ್ 11ಕ್ಕೆ ಇಟ್ಟು 30 ಅಡಿಗೆ ಫೋಕಸ್ ಮಾಡಿದರೆ ಸುಮಾರು 16 ಅಡಿಯಿಂದ ದಿಗಂತದವರೆಗೆ ಎಲ್ಲವೂ ಸಾಕಷ್ಟು ಹರಿತವಾಗಿ ಬರುತ್ತದೆ. ಕೆಲವು ಝೈಸ್ ಐಕಾನ್ ಕ್ಯಾಮೆರಾಗಳಲ್ಲಿ ಹೆಚ್ಚುಕಡಿಮೆ ಇದೇ ಜಾಗದಲ್ಲಿ ಎರಡು ಕೆಂಪು ಚುಕ್ಕಿಗಳಿವೆ, ಅವಸರದ ಫೋಟೊಗೆ ಅವುಗಳ ಮೇಲೆ ಇಟ್ಟರೆ ಸಾಕು. 105 ಮಿ.ಮೀ. ಲೆನ್ಸಿನ 6×9ರಲ್ಲಿ ಇಷ್ಟು ರಿಯಾಯಿತಿ ಇಲ್ಲ. ಅಲ್ಲಿ ಎಫ್ 16ಕ್ಕೆ ಇಳಿಯುವುದೇ ಕ್ಷೇಮ. ಒಬ್ಬರ ಮುಖವನ್ನು ಹತ್ತಿರದಿಂದ ತೆಗೆಯುವಾಗ ಮಾತ್ರ ಅಳತೆಪಟ್ಟಿ ಹಿಡಿಯಲು ನಾಚಬೇಡಿ. ಮುಂದಿನ ಗಾಜನ್ನು ಮಾತ್ರ ತಿರುಗಿಸಿ ಫೋಕಸ್ ಮಾಡುವ ಇಂಥ ಲೆನ್ಸುಗಳು ಹತ್ತಿರದ ದೂರದಲ್ಲಿ ಸ್ವಲ್ಪ ಸೋಲುತ್ತವೆ, ಆದ್ದರಿಂದ ಅಲ್ಲಿಯೂ ಎಫ್ 8ಕ್ಕಿಂತ ಅಗಲ ತೆರೆಯಬೇಡಿ.

ಕೈ ಅಲುಗಾಟದ ವಿಷಯ ಒಂದೇ ಮಾತು: ಲೆನ್ಸಿನ ಪಕ್ಕದ ಕಡ್ಡಿಯನ್ನು ಒತ್ತಿ ತೆಗೆಯುವ ಕ್ಯಾಮೆರಾಗಳಿಗೆ ಕೇಬಲ್ ರಿಲೀಸ್ ಹಾಕಿಕೊಳ್ಳಿ. ಹೆಚ್ಚು ಖರ್ಚಿಲ್ಲ, ಲಾಭ ಬಹಳ.

ಫೋಟೊಗಳೆಲ್ಲ ಮುಗಿದ ಮೇಲೆ ಕಾಗದದ ಬಾಲ ಪೂರ್ತಿ ಸುತ್ತಿಹೋಗುವವರೆಗೆ ತಿರುಗಿಸಿ, ರೀಲನ್ನು ಸಡಿಲ ಬಿಡದೆ ತೆಗೆದು ಅಂಟುಪಟ್ಟಿ ಹಚ್ಚಿ. ಖಾಲಿಯಾದ ಕಡ್ಡಿಯನ್ನು ಎಸೆಯದೆ ಎದುರು ಬದಿಗೆ ಹಾಕಿ, ಮುಂದಿನ ರೀಲು ಸುತ್ತಿಕೊಳ್ಳುವುದು ಅದಕ್ಕೇ. ಕಪ್ಪುಬಿಳುಪು ರೀಲನ್ನು ಮನೆಯಲ್ಲೇ ತೊಳೆಯುವುದು ಕಷ್ಟವೇನಲ್ಲ: 120 ಅಗಲಕ್ಕೆ ಹೊಂದಿಸಬಹುದಾದ ಡೆವಲಪಿಂಗ್ ಟ್ಯಾಂಕ್, ಕತ್ತಲ ಚೀಲ, ಡಿ-76ರಂಥ ಡೆವಲಪರ್, ಫಿಕ್ಸರ್, ಒಂದು ಥರ್ಮಾಮೀಟರ್. ನಮ್ಮ ಬೇಸಿಗೆಯಲ್ಲಿ ನಲ್ಲಿ ನೀರು 20 ಡಿಗ್ರಿಗಿಂತ ಎಷ್ಟೋ ಮೇಲಿರುತ್ತದೆ, ಆದ್ದರಿಂದ ಐಸಿನ ತಟ್ಟೆ ಪಕ್ಕದಲ್ಲಿರಲಿ. ತೊಳೆದ ನೆಗೆಟಿವನ್ನು ಬಿಳಿ ಬೆಳಕಿನ ಹಲಗೆಯ ಮೇಲಿಟ್ಟು ಮ್ಯಾಕ್ರೊ ಲೆನ್ಸಿನ ಡಿಜಿಟಲ್ ಕ್ಯಾಮೆರಾದಲ್ಲಿ ತೆಗೆದರೆ ಸ್ಕ್ಯಾನಿಂಗೂ ಮನೆಯಲ್ಲೇ ಆಯಿತು. ಲ್ಯಾಬಿಗೆ ಕೊಡುವುದಾದರೆ ರೀಲಿನ ಜೊತೆ ಒಂದು ಚೀಟಿ ಇಡಿ: ಅಳತೆ 6×9, ಕತ್ತರಿಸದೆ ಉದ್ದಕ್ಕೆ ಕೊಡಿ ಎಂದು. ಕಿಂಡಿ ನೋಡಿ ಸುತ್ತಿದ ರೀಲಿನಲ್ಲಿ ಚಿತ್ರಗಳ ನಡುವಿನ ಜಾಗ ಒಂದೊಂದು ಕಡೆ ಒಂದೊಂದು ಥರ ಇರುತ್ತದೆ. ಹೇಳದಿದ್ದರೆ ಅಳತೆಪಟ್ಟಿಯಂತೆ ಕತ್ತರಿ ಹಾಕುವ ಹುಡುಗ ಎರಡು ಚಿತ್ರಗಳ ನಡುಮಧ್ಯಕ್ಕೇ ಹಾಕಿಬಿಟ್ಟಾನು.